ಅದೇ ತಾರೀಖು ಮತ್ತೆ ಮತ್ತೆ ಯಾಕೆ?

1826ರ ಜುಲೈ 4. ಅಮೆರಿಕ ಸ್ವಾತಂತ್ರ್ಯ ಘೋಷಿಸಿಕೊಂಡು ಅಂದಿಗೆ ಸರಿಯಾಗಿ ಐವತ್ತು ವರ್ಷ. ಊರೂರಲ್ಲಿ ಮೆರವಣಿಗೆ, ಭಾಷಣ, ತೋಪಿನ ಸದ್ದು. ವರ್ಜೀನಿಯಾದ ಮಾಂಟಿಸೆಲ್ಲೊ ಎಂಬ ಮನೆಯಲ್ಲಿ 83 ವರ್ಷದ ಥಾಮಸ್ ಜೆಫರ್ಸನ್ ಹಾಸಿಗೆ ಹಿಡಿದಿದ್ದರು. ಸ್ವಾತಂತ್ರ್ಯ ಘೋಷಣೆಯ ಕರಡು ಬರೆದವರು ಅವರೇ. ಹಿಂದಿನ ರಾತ್ರಿ ಎಚ್ಚರವಾದಾಗ 'ನಾಲ್ಕನೇ ತಾರೀಖು ಆಯಿತಾ?' ಎಂದು ಕೇಳಿದರಂತೆ. ಮರುದಿನ ಮಧ್ಯಾಹ್ನ ತೀರಿಕೊಂಡರು.

ಅದೇ ದಿನ, ನೂರಾರು ಮೈಲಿ ದೂರದ ಮ್ಯಾಸಚೂಸೆಟ್ಸ್‌ನಲ್ಲಿ 90 ವರ್ಷದ ಜಾನ್ ಆಡಮ್ಸ್ ಕೂಡ ಸಾವಿನ ಹಾಸಿಗೆಯಲ್ಲಿದ್ದರು. ಆ ಘೋಷಣೆಗಾಗಿ ಜೆಫರ್ಸನ್ ಜೊತೆ ದುಡಿದವರು, ಆಮೇಲೆ ರಾಜಕೀಯದಲ್ಲಿ ಅವರ ಕಡು ವಿರೋಧಿ, ವಯಸ್ಸಾದ ಮೇಲೆ ಮತ್ತೆ ಪತ್ರ ಬರೆದುಕೊಳ್ಳುವ ಗೆಳೆಯ. 'ಥಾಮಸ್ ಜೆಫರ್ಸನ್ ಇನ್ನೂ ಬದುಕಿದ್ದಾರೆ' ಎಂಬುದು ಅವರ ಕೊನೆಯ ಮಾತಂತೆ. ಜೆಫರ್ಸನ್ ಬದುಕಿರಲಿಲ್ಲ. ಟೆಲಿಗ್ರಾಫ್ ಇನ್ನೂ ಬಂದಿರದ ಕಾಲ, ಸುದ್ದಿ ಕುದುರೆಯ ವೇಗದಲ್ಲಿ ಹೋಗಬೇಕಿತ್ತು. ಸಂಜೆಗೆ ಆಡಮ್ಸ್ ಕೂಡ ಹೋದರು. ಐದು ವರ್ಷ ಕಳೆದು 1831ರಲ್ಲಿ ಐದನೇ ಅಧ್ಯಕ್ಷ ಜೇಮ್ಸ್ ಮನ್ರೋ ತೀರಿಕೊಂಡರು. ತಾರೀಖು? ಜುಲೈ 4.

ಮೊದಲ ಐವರು ಅಧ್ಯಕ್ಷರಲ್ಲಿ ಮೂವರು ಒಂದೇ ತಾರೀಖಿಗೆ ಹೋದರು ಅಂದರೆ ಮೈ ಜುಮ್ಮೆನ್ನುತ್ತದೆ, ಅಲ್ವಾ? ಅಂದಿನ ಅನೇಕರು ಇದನ್ನು ದೇವರ ಸೂಚನೆ ಎಂದೇ ತಿಳಿದರು. ಇಂಥ ಕಥೆ ಕೇಳಿದಾಗ ನಾನು ಮೊದಲು ಕೇಳಿಕೊಳ್ಳುವ ಪ್ರಶ್ನೆ ಬೇರೆ. ಈ ಘಟನೆಗಳನ್ನು ಒಂದೇ ತಾರೀಖಿಗೆ ತಂದು ಕೂರಿಸಿದ್ದು ಯಾರು? ಸುಮ್ನೆ ಹಾಗಾಯಿತಾ, ಬೇಕೆಂದೇ ಯಾರೋ ಆರಿಸಿದರಾ, ಇಲ್ಲ ಕ್ಯಾಲೆಂಡರೇ ನಮ್ಮ ಕಣ್ಣಿಗೆ ಮಣ್ಣೆರಚುತ್ತಿದೆಯಾ? ಮೂರಕ್ಕೂ ಬೇಕಾದಷ್ಟು ಉದಾಹರಣೆಗಳಿವೆ.

ಸುಮ್ನೆ ಆಗುವ ಸಂಗತಿಯಿಂದಲೇ ಶುರು ಮಾಡೋಣ. ವರ್ಷಕ್ಕೆ ಇರುವುದು 366 ಮನೆಗಳು, ಫೆಬ್ರವರಿ 29 ಸೇರಿಸಿ. ಇತಿಹಾಸದಲ್ಲಿ ಘಟನೆಗಳು ಲೆಕ್ಕವಿಲ್ಲದಷ್ಟು. 367 ಘಟನೆಗಳನ್ನು ಆ ಮನೆಗಳಿಗೆ ಹಂಚಿದರೆ ಕನಿಷ್ಠ ಒಂದು ಮನೆಗೆ ಎರಡು ಬೀಳಲೇಬೇಕು. ಇದರಲ್ಲಿ ಪವಾಡ ಏನೂ ಇಲ್ಲ. ಆದರೆ ಹೊಂದಾಣಿಕೆಗಾಗಿ 367ರವರೆಗೆ ಕಾಯಬೇಕಾಗಿಯೂ ಇಲ್ಲ. ಒಂದು ಕೋಣೆಯಲ್ಲಿ 23 ಜನ ಇದ್ದರೆ ಸಾಕು, ಅವರಲ್ಲಿ ಇಬ್ಬರ ಹುಟ್ಟಿದ ತಾರೀಖು ಒಂದೇ ಆಗಿರುವ ಸಾಧ್ಯತೆ ಅರ್ಧಕ್ಕಿಂತ ಸ್ವಲ್ಪ ಜಾಸ್ತಿ, ಶೇ. 50.7. ಜನ 57 ಆದರೆ ಸಾಧ್ಯತೆ ಶೇ. 99.

ಬರೀ 23 ಜನಕ್ಕೆ ಹೇಗೆ ಸಾಧ್ಯ ಅನ್ನಿಸುತ್ತದೆ. ನಾವು ಜನರನ್ನು ಎಣಿಸುತ್ತೇವೆ, ಎಣಿಸಬೇಕಾದದ್ದು ಜೋಡಿಗಳನ್ನು. ಮೊದಲನೆಯವರು ಉಳಿದ 22 ಜನರ ಜೊತೆ ತಾಳೆ ನೋಡುತ್ತಾರೆ, ಎರಡನೆಯವರು 21 ಜನರ ಜೊತೆ, ಹೀಗೆ ಕೂಡುತ್ತಾ ಹೋದರೆ ಒಟ್ಟು 253 ಜೋಡಿ. ಈಗ ಆಟದ ನಿಯಮ ಬದಲಿಸಿ. 'ಯಾರೋ ಇಬ್ಬರದು ಹೊಂದಿದರೆ ಸಾಲದು, ನನ್ನ ತಾರೀಖಿಗೇ ಹೊಂದಬೇಕು' ಅನ್ನಿ. ಆಗ ಅರ್ಧದಷ್ಟು ಸಾಧ್ಯತೆ ಬೇಕಾದರೆ ನಿಮ್ಮನ್ನು ಬಿಟ್ಟು 253 ಜನ ಬೇಕು. ಅದೇ ಸಂಖ್ಯೆ, ಯಾಕೆಂದರೆ ಈಗ ಒಬ್ಬೊಬ್ಬರೂ ಒಂದೇ ಒಂದು ಜೋಡಿ. ಇಡೀ ಗುಟ್ಟು ಇಷ್ಟೇ. ತಾರೀಖನ್ನು ಮೊದಲೇ ಹೇಳಿಟ್ಟು ಕಾದರೆ ಹೊಂದಾಣಿಕೆ ಅಪರೂಪ. ಎಲ್ಲ ಮುಗಿದ ಮೇಲೆ ಹಿಂತಿರುಗಿ ಹುಡುಕಿದರೆ ಮೂಲೆಮೂಲೆಯಲ್ಲೂ ಸಿಗುತ್ತದೆ.

ಇತಿಹಾಸ ಓದುವಾಗ ನಾವು ಯಾವಾಗಲೂ ಹಿಂತಿರುಗಿಯೇ ಹುಡುಕುತ್ತಿರುತ್ತೇವೆ. ಅದೂ ಹುಟ್ಟಿಗೆ ಹುಟ್ಟು ಮಾತ್ರ ಅಲ್ಲ. ಹುಟ್ಟಿಗೆ ಸಾವು, ಸಾವಿಗೆ ಯುದ್ಧ, ಯುದ್ಧಕ್ಕೆ ಒಪ್ಪಂದ, ಯಾವುದು ಸಿಕ್ಕರೂ ಲೆಕ್ಕಕ್ಕೆ ಬಂತು. ಸ್ಟೀಫನ್ ಹಾಕಿಂಗ್ ಹುಟ್ಟಿದ್ದು 1942ರ ಜನವರಿ 8, ಗೆಲಿಲಿಯೊ ಸತ್ತು ಸರಿಯಾಗಿ 300 ವರ್ಷಕ್ಕೆ. ತೀರಿಕೊಂಡಿದ್ದು 2018ರ ಮಾರ್ಚ್ 14, ಐನ್‌ಸ್ಟೈನ್ ಹುಟ್ಟಿದ ತಾರೀಖು. ಮೊದಲನೆಯದನ್ನು ಸ್ವತಃ ಹಾಕಿಂಗ್ ಹೇಳಿಕೊಂಡು ನಗುತ್ತಿದ್ದರು. ಅದೇ ದಿನ ಇನ್ನೂ ಸುಮಾರು ಎರಡು ಲಕ್ಷ ಮಕ್ಕಳು ಹುಟ್ಟಿರಬೇಕು ಎಂಬುದು ಅವರ ಅಂದಾಜು. ಆ ಎರಡು ಲಕ್ಷದ ಬಗ್ಗೆ ಯಾರೂ ಬರೆಯಲಿಲ್ಲ, ಅಷ್ಟೇ.

ಇನ್ನೊಂದು ನನಗೆ ತುಂಬಾ ಇಷ್ಟ. ಯೂರಿ ಗಗಾರಿನ್ ಬಾಹ್ಯಾಕಾಶಕ್ಕೆ ಹೋದ ಮೊದಲ ಮನುಷ್ಯ, 1961ರ ಏಪ್ರಿಲ್ 12. ಅಮೆರಿಕದ ಮೊದಲ ಬಾಹ್ಯಾಕಾಶ ಶಟಲ್ ಕೊಲಂಬಿಯಾ ಮೇಲೆ ಹಾರಿದ್ದು 1981ರ ಏಪ್ರಿಲ್ 12. ದಿನಕ್ಕೆ ದಿನ, ಇಪ್ಪತ್ತು ವರ್ಷ. ನೋಡಿದವರು ಯಾರಾದರೂ 'ಇದು ಬೇಕೆಂದೇ ಇಟ್ಟ ತಾರೀಖು' ಅನ್ನುತ್ತಾರೆ. ಅಲ್ಲ. ಕೊಲಂಬಿಯಾ ಹಾರಬೇಕಿದ್ದದ್ದು ಏಪ್ರಿಲ್ 10ರಂದು. ಅದರೊಳಗಿನ ಕಂಪ್ಯೂಟರ್‌ಗಳ ನಡುವೆ ಸಮಯದ ತಾಳ ತಪ್ಪಿ ಉಡಾವಣೆ ಎರಡು ದಿನ ಮುಂದಕ್ಕೆ ಹೋಯಿತು. ಕಂಪ್ಯೂಟರ್ ಕೈ ಕೊಟ್ಟಿದ್ದಕ್ಕೆ ಗಗಾರಿನ್‌ಗೆ ಜೊತೆ ಸಿಕ್ಕಿತು.

ಹಾಗಾದರೆ ಜೆಫರ್ಸನ್, ಆಡಮ್ಸ್? ಅವರದು ಪೂರಾ ಆಕಸ್ಮಿಕ ಅಂತಲೂ ನಾನು ಹೇಳಲಾರೆ. ಸಾಯುವ ಕಾಲಕ್ಕೆ ಒಂದು ದಿನವನ್ನು ಮನಸ್ಸಲ್ಲಿ ಹಿಡಿದುಕೊಂಡು ಕಾಯುವವರಿದ್ದಾರೆ, 'ನಾಲ್ಕನೇ ತಾರೀಖು ಆಯಿತಾ' ಎಂಬ ಪ್ರಶ್ನೆಯೇ ಅದನ್ನು ಹೇಳುತ್ತದೆ. ಆದರೆ ಅದೇ ಕಥೆಗೆ ಜನ ಸಾಮಾನ್ಯವಾಗಿ ಬಿಟ್ಟುಬಿಡುವ ಒಂದು ಬಾಲವಿದೆ. ನಾಲ್ಕನೇ ಅಧ್ಯಕ್ಷ ಜೇಮ್ಸ್ ಮ್ಯಾಡಿಸನ್ 1836ರ ಜೂನ್ ಕೊನೆಯಲ್ಲಿ ಸಾವಿನಂಚಿನಲ್ಲಿದ್ದರು. ಜುಲೈ 4ರವರೆಗೆ ಜೀವ ಹಿಡಿದಿಡಲು ಔಷಧಿ ಕೊಡುತ್ತೇವೆ ಅಂತ ವೈದ್ಯರು ಹೇಳಿದರಂತೆ. ಅವರು ಬೇಡ ಅಂದರು. ಜೂನ್ 28ಕ್ಕೆ ತೀರಿಕೊಂಡರು. ಅವರು ಒಪ್ಪಿ, ಔಷಧಿ ಕೆಲಸ ಮಾಡಿದ್ದರೆ ಇಂದು ನಾವು ಐವರಲ್ಲಿ ನಾಲ್ವರ ಕಥೆ ಹೇಳುತ್ತಿದ್ದೆವು, ಅದು ಹೇಗಾಯಿತು ಎಂಬುದನ್ನು ಬಿಟ್ಟು.

ಬೇಕೆಂದೇ ಆರಿಸಿದ ದಿನಗಳು

ಔಷಧಿ ಕೊಟ್ಟು ತಾರೀಖು ಹೊಂದಿಸುವುದು ಕಷ್ಟ. ಸಹಿ ಹಾಕುವ ದಿನ, ಸಭೆ ಸೇರುವ ದಿನ, ಬಾವುಟ ಏರಿಸುವ ದಿನ ಹೊಂದಿಸುವುದು ಬಹಳ ಸುಲಭ. ರಾಜಕಾರಣಿಗಳು ಇದನ್ನು ಮೊದಲಿನಿಂದ ಮಾಡುತ್ತಾ ಬಂದಿದ್ದಾರೆ.

1701ರ ಜನವರಿ 18ರಂದು ಜರ್ಮನ್ ರಾಜ್ಯಗಳಲ್ಲೊಂದಾದ ಪ್ರಷ್ಯಾದ ಮೊದಲ ರಾಜನ ಪಟ್ಟಾಭಿಷೇಕವಾಯಿತು. 1871ರಲ್ಲಿ ಫ್ರಾನ್ಸನ್ನು ಸೋಲಿಸಿದ ಪ್ರಷ್ಯನ್ನರು ಅದೇ ಜನವರಿ 18ನ್ನು ಆರಿಸಿಕೊಂಡು, ಫ್ರೆಂಚರ ವರ್ಸೇ ಅರಮನೆಯಲ್ಲೇ ಕೂತು, ಜರ್ಮನ್ ಸಾಮ್ರಾಜ್ಯವನ್ನು ಘೋಷಿಸಿದರು. ಸೋತವರ ಮನೆಯೊಳಗೆ ಗೆದ್ದವರ ಹಬ್ಬ. ಫ್ರೆಂಚರು ಮರೆಯಲಿಲ್ಲ. ಮೊದಲ ಮಹಾಯುದ್ಧದಲ್ಲಿ ಜರ್ಮನಿ ಸೋತ ಮೇಲೆ ಪ್ಯಾರಿಸ್ ಶಾಂತಿ ಸಮ್ಮೇಳನ ಶುರುವಾದದ್ದು 1919ರ ಜನವರಿ 18ಕ್ಕೆ. ಒಪ್ಪಂದಕ್ಕೆ ಸಹಿ ಬಿದ್ದದ್ದು ವರ್ಸೇಯ ಅದೇ ಕನ್ನಡಿಗಳ ಹಾಲ್‌ನಲ್ಲಿ. ಇಲ್ಲಿ ತಾರೀಖು ಕಾಕತಾಳೀಯ ಅಲ್ಲ, ಒಂದು ಏಟಿಗೆ ಕೊಟ್ಟ ತಿರುಗೇಟು.

ಜನವರಿ 26ರ ಕಥೆ ಇಷ್ಟು ಕಹಿಯಲ್ಲ. 1929ರ ಡಿಸೆಂಬರ್‌ನಲ್ಲಿ ಲಾಹೋರ್ ಅಧಿವೇಶನದಲ್ಲಿ ಕಾಂಗ್ರೆಸ್ ಪೂರ್ಣ ಸ್ವರಾಜ್ಯದ ಠರಾವು ಮಾಡಿತು. ದೇಶದಾದ್ಯಂತ ಪ್ರತಿಜ್ಞೆ ಮಾಡಲು 1930ರ ಜನವರಿ 26 ಗೊತ್ತಾಯಿತು. ಅದು ಆ ತಿಂಗಳ ಕೊನೆಯ ಭಾನುವಾರ. ಅಲ್ಲಿಂದ ಮುಂದೆ ವರ್ಷವರ್ಷವೂ ಆ ದಿನವನ್ನೇ ಸ್ವಾತಂತ್ರ್ಯ ದಿನ ಅಂತ ಆಚರಿಸಿದರು. ಕೊನೆಗೆ ನಿಜವಾದ ಸ್ವಾತಂತ್ರ್ಯ ಬಂದಿದ್ದು ಬೇರೆ ತಾರೀಖಿಗೆ. ಹಳೆಯ ದಿನವನ್ನು ಕೈಬಿಡಲು ಮನಸ್ಸಾಗಲಿಲ್ಲ. ಸಂವಿಧಾನ 1949ರ ನವೆಂಬರ್ 26ಕ್ಕೇ ಅಂಗೀಕಾರವಾಗಿದ್ದರೂ ಪೂರ್ತಿ ಜಾರಿಗೆ ಬರಲು ಎರಡು ತಿಂಗಳು ಕಾದು, 1950ರ ಜನವರಿ 26ಕ್ಕೆ ಗಣರಾಜ್ಯವಾಯಿತು.

ಅದೇ ಜನವರಿ 26ರ ಮನೆಯಲ್ಲಿ ಇನ್ನೂ ಯಾರು ಯಾರಿದ್ದಾರೆ ನೋಡಿ. 1788ರಲ್ಲಿ ಬ್ರಿಟಿಷರ ಹಡಗುಗಳು ಸಿಡ್ನಿಯಲ್ಲಿ ಇಳಿದು ಆಸ್ಟ್ರೇಲಿಯಾದ ವಸಾಹತು ಶುರುವಾದದ್ದು ಇದೇ ದಿನ. 2001ರಲ್ಲಿ ಭುಜ್ ಭೂಕಂಪವಾದದ್ದು ಇದೇ ದಿನ, ಬೆಳಿಗ್ಗೆ ಗಣರಾಜ್ಯೋತ್ಸವ ನಡೆಯುತ್ತಿದ್ದ ಹೊತ್ತಿಗೆ. ಸಂಗೊಳ್ಳಿ ರಾಯಣ್ಣನನ್ನು ನಂದಗಡದಲ್ಲಿ ಗಲ್ಲಿಗೇರಿಸಿದ್ದು 1831ರ ಜನವರಿ 26. ರಾಯಣ್ಣ ಹುಟ್ಟಿದ್ದು ಆಗಸ್ಟ್ 15ಕ್ಕೆ, ಸತ್ತದ್ದು ಜನವರಿ 26ಕ್ಕೆ ಎಂಬ ಮಾತು ಕನ್ನಡದಲ್ಲಿ ಕೇಳದವರಿಲ್ಲ. ಕೇಳಿದಾಗ ರೋಮಾಂಚನ ಆಗುತ್ತದೆ, ಆಗಲಿ. ಆದರೆ 1930ರಲ್ಲಿ ದಿನ ಗೊತ್ತು ಮಾಡಿದವರ ತಲೆಯಲ್ಲಿ ರಾಯಣ್ಣ ಇರಲಿಲ್ಲ. ಹೀಗೆ ಒಂದೇ ಮನೆಯಲ್ಲಿ ಎರಡು ಘಟನೆಗೆ ರಕ್ತಸಂಬಂಧ (1930, 1950), ಉಳಿದವು ಬರೀ ನೆರೆಹೊರೆ. ಪಟ್ಟಿಯಲ್ಲಿ ಬರೆದಾಗ ಮಾತ್ರ ಎಲ್ಲವೂ ಒಂದೇ ಸಾಲಿನಲ್ಲಿ ನಿಂತು ಸಂಬಂಧಿಕರ ಹಾಗೆ ಕಾಣುತ್ತವೆ.

ಆಗಸ್ಟ್ 15ಕ್ಕೂ ಹೀಗೇ ಒಂದು ಬೇರಿದೆ. 1945ರ ಆಗಸ್ಟ್ 15ರ ಮಧ್ಯಾಹ್ನ ಜಪಾನಿನ ರೇಡಿಯೊದಲ್ಲಿ ಚಕ್ರವರ್ತಿ ಹಿರೊಹಿಟೊ ಧ್ವನಿ ಬಂತು. ಮೊದಲೇ ರೆಕಾರ್ಡ್ ಮಾಡಿಟ್ಟಿದ್ದ ಶರಣಾಗತಿಯ ಭಾಷಣ. ಜಪಾನಿನ ಕೈಯಲ್ಲಿದ್ದ ಕೊರಿಯಾಕ್ಕೆ ಅದು ಬಿಡುಗಡೆಯ ದಿನವಾಯಿತು. 1948ರಲ್ಲಿ ದಕ್ಷಿಣ ಕೊರಿಯಾ ತನ್ನ ಸರ್ಕಾರವನ್ನು ಘೋಷಿಸಿದ್ದು ಅದೇ ತಾರೀಖಿಗೆ. ಭಾರತಕ್ಕೆ ಅಧಿಕಾರ ಬಿಟ್ಟುಕೊಡಲು ಬ್ರಿಟಿಷ್ ಸರ್ಕಾರ ಕೊಟ್ಟಿದ್ದ ಗಡುವು 1948ರ ಜೂನ್. ಅದನ್ನು ಹಿಂದಕ್ಕೆಳೆದು 1947ರ ಆಗಸ್ಟ್ 15 ಎಂದವರು ಮೌಂಟ್‌ಬ್ಯಾಟನ್. ಯುದ್ಧದಲ್ಲಿ ಆಗ್ನೇಯ ಏಷ್ಯಾದ ಮಿತ್ರಪಡೆಗಳ ಸೇನಾಧಿಪತಿ ಅವರೇ. ಪತ್ರಿಕಾಗೋಷ್ಠಿಯಲ್ಲಿ ತಾರೀಖು ಕೇಳಿದಾಗ ಜಪಾನ್ ಶರಣಾದ ದಿನ ನೆನಪಾಗಿ ಅದನ್ನೇ ಹೇಳಿಬಿಟ್ಟೆ ಅಂತ ಆಮೇಲೆ ಹೇಳಿಕೊಂಡರು. ಅಲ್ಲಿಗೆ, ಭಾರತ ಮತ್ತು ಕೊರಿಯಾ ಒಂದೇ ದಿನ ಬಾವುಟ ಹಾರಿಸುವುದಕ್ಕೆ ಟೋಕಿಯೊದ ಒಂದು ಗ್ರಾಮಫೋನ್ ತಟ್ಟೆ ಕಾರಣ. 1960ರ ಆಗಸ್ಟ್ 15ಕ್ಕೆ ಸ್ವತಂತ್ರವಾದ ಆಫ್ರಿಕಾದ ಕಾಂಗೊ ಬ್ರಾಝಾವಿಲ್‌ಗೂ, 1769ರ ಆಗಸ್ಟ್ 15ಕ್ಕೆ ಹುಟ್ಟಿದ ನೆಪೋಲಿಯನ್‌ಗೂ ಆ ತಟ್ಟೆಗೂ ಏನೂ ಸಂಬಂಧವಿಲ್ಲ.

ನವೆಂಬರ್ 9

ಆಕಸ್ಮಿಕ, ಆಯ್ಕೆ ಎರಡೂ ಒಂದೇ ಮನೆಯಲ್ಲಿ ಗಂಟು ಬಿದ್ದಿರುವುದನ್ನು ನೋಡಬೇಕಾದರೆ ಜರ್ಮನಿಯ ನವೆಂಬರ್ 9ನ್ನು ನೋಡಬೇಕು. ಜರ್ಮನ್ನರು ಅದನ್ನು ತಮ್ಮ ದೇಶದ ಹಣೆಬರಹದ ದಿನ ಅನ್ನುತ್ತಾರೆ.

1918ರ ನವೆಂಬರ್ 9: ಯುದ್ಧದಲ್ಲಿ ಸೋಲು ಖಚಿತವಾಗಿದೆ, ಬರ್ಲಿನ್ ಬೀದಿಗಳಲ್ಲಿ ದಂಗೆ. ಚಕ್ರವರ್ತಿ ಎರಡನೇ ವಿಲ್ಹೆಲ್ಮ್ ಪದತ್ಯಾಗ ಮಾಡಿದರು ಅಂತ ಅವರ ಪ್ರಧಾನಿಯೇ ಪ್ರಕಟಿಸಿಬಿಟ್ಟರು, ಅವರಿನ್ನೂ ಒಪ್ಪಿಯೇ ಇರಲಿಲ್ಲ. ಸಂಸತ್ತಿನ ಕಿಟಕಿಯಿಂದ ಗಣರಾಜ್ಯದ ಘೋಷಣೆಯಾಯಿತು. ಜರ್ಮನಿಯ ಬಲಪಂಥೀಯರಿಗೆ ಇದು ಅವಮಾನದ ದಿನ. ಅಂದು ಅಧಿಕಾರ ಹಿಡಿದವರನ್ನು ಅವರು 'ನವೆಂಬರ್ ಅಪರಾಧಿಗಳು' ಎಂದು ಬೈಯುತ್ತಿದ್ದರು.

ಐದು ವರ್ಷದ ನಂತರ, 1923ರ ನವೆಂಬರ್ 8ರ ರಾತ್ರಿ ಹಿಟ್ಲರ್ ಮ್ಯೂನಿಕ್‌ನ ಒಂದು ಬಿಯರ್ ಹಾಲ್‌ಗೆ ನುಗ್ಗಿ ಕ್ರಾಂತಿಯಾಯಿತು ಅಂತ ಕೂಗಿದ. 9ರಂದು ಬೀದಿಗಿಳಿದ ಮೆರವಣಿಗೆಯ ಮೇಲೆ ಪೊಲೀಸರು ಗುಂಡು ಹಾರಿಸಿದರು. ದಂಗೆ ಅಲ್ಲಿಗೇ ಮುಗಿಯಿತು. ಈ ತಾರೀಖಿಗೂ 1918ರ ತಾರೀಖಿಗೂ ಕೊಂಡಿ ಇದ್ದೇ ಇದೆ. ಆ 'ನವೆಂಬರ್ ಅಪರಾಧಿ'ಗಳನ್ನು ಕೆಳಗಿಳಿಸುವುದೇ ದಂಗೆಯ ಗುರಿ. ಅಧಿಕಾರಕ್ಕೆ ಬಂದ ಮೇಲೆ ನಾಜಿಗಳು ಅಂದು ಸತ್ತ ತಮ್ಮ ಕಡೆಯ 16 ಮಂದಿಯನ್ನು ಹುತಾತ್ಮರೆಂದು ಕರೆದು, ವರ್ಷವೂ ನವೆಂಬರ್ 8 ಮತ್ತು 9ರಂದು ಮ್ಯೂನಿಕ್‌ನಲ್ಲಿ ಸೇರತೊಡಗಿದರು.

ಈಗ ಆ ವಾರ್ಷಿಕೋತ್ಸವವೇ ಹೊಸ ಘಟನೆಗಳನ್ನು ಹುಟ್ಟಿಸಲು ಶುರು ಮಾಡಿತು. 1938ರ ನವೆಂಬರ್ 7ರಂದು ಪ್ಯಾರಿಸ್‌ನಲ್ಲಿ ಒಬ್ಬ ಯಹೂದಿ ಹುಡುಗ ಜರ್ಮನ್ ರಾಯಭಾರ ಕಚೇರಿಯ ಅಧಿಕಾರಿಯೊಬ್ಬನಿಗೆ ಗುಂಡು ಹೊಡೆದ. ಅಧಿಕಾರಿ ಸತ್ತದ್ದು 9ರಂದು. ಸುದ್ದಿ ಮ್ಯೂನಿಕ್ ತಲುಪಿದಾಗ ದೇಶದ ಮೂಲೆಮೂಲೆಯ ನಾಜಿ ನಾಯಕರೆಲ್ಲ ಒಂದೇ ಹಾಲ್‌ನಲ್ಲಿ ಊಟಕ್ಕೆ ಕೂತಿದ್ದರು, ಯಾಕೆಂದರೆ ಅಂದು ನವೆಂಬರ್ 9. ಹಿಟ್ಲರನ ಪ್ರಚಾರ ಮಂತ್ರಿ ಗೋಬೆಲ್ಸ್ ಎದ್ದು ಮಾತಾಡಿದ. ನಾಯಕರು ತಮ್ಮ ತಮ್ಮ ಊರುಗಳಿಗೆ ಫೋನ್ ಮಾಡಿದರು. ಆ ರಾತ್ರಿ ಮತ್ತು ಮರುದಿನ ಸಾವಿರಾರು ಯಹೂದಿ ಅಂಗಡಿಗಳ ಗಾಜು ಒಡೆಯಿತು, ಅವರ ಪ್ರಾರ್ಥನಾ ಮಂದಿರಗಳಾದ ಸಿನಗಾಗ್‌ಗಳು ಉರಿದವು, ಸುಮಾರು 30,000 ಯಹೂದಿ ಗಂಡಸರನ್ನು ಬಂಧಿಸಿ ಶಿಬಿರಗಳಿಗೆ ಅಟ್ಟಿದರು. ಸಾವು ಆ ದಿನವೇ ಆದದ್ದು ಆಕಸ್ಮಿಕ. ಆದರೆ ಹಿಂಸೆ ಅಷ್ಟು ಬೇಗ, ಅಷ್ಟು ದೂರ ಹಬ್ಬಿದ್ದು ಅವರೆಲ್ಲ ಒಟ್ಟಿಗೆ ಕೂತಿದ್ದರಿಂದ.

ಮರುವರ್ಷ ಅದೇ ಪದ್ಧತಿಯನ್ನು ನಂಬಿ ಇನ್ನೊಬ್ಬ ಲೆಕ್ಕ ಹಾಕಿದ್ದ. ಗಿಯೋರ್ಗ್ ಎಲ್ಸರ್ ಎಂಬ ಬಡಗಿ. ನವೆಂಬರ್ 8ರ ರಾತ್ರಿ ಹಿಟ್ಲರ್ ಅದೇ ಬಿಯರ್ ಹಾಲ್‌ಗೆ ಬಂದೇ ಬರುತ್ತಾನೆ ಅಂತ ಗೊತ್ತಿದ್ದ ಅವನು ರಾತ್ರಿಗಳಲ್ಲಿ ಅಲ್ಲಿ ಅಡಗಿ ಕೂತು, ವೇದಿಕೆಯ ಹಿಂದಿನ ಕಂಬವನ್ನು ಕೊರೆದು ಟೈಮ್ ಬಾಂಬ್ ಇಟ್ಟ. 1939ರ ನವೆಂಬರ್ 8, ರಾತ್ರಿ 9.20ಕ್ಕೆ ಸ್ಫೋಟವಾಯಿತು. ಹಿಟ್ಲರ್ 9.07ಕ್ಕೆ ಹೊರಟುಹೋಗಿದ್ದ. ಹದಿಮೂರು ನಿಮಿಷ.

ಇನ್ನು 1989. ಪೂರ್ವ ಜರ್ಮನಿಯ ಪಕ್ಷದ ವಕ್ತಾರ ಗುಂಟರ್ ಶಾಬೊವ್‌ಸ್ಕಿ ನವೆಂಬರ್ 9ರ ಸಂಜೆ ಪತ್ರಿಕಾಗೋಷ್ಠಿಗೆ ಬರುವಾಗ ಕೈಗೊಂದು ಚೀಟಿ ಸಿಕ್ಕಿತ್ತು. ಜನರ ಹೊರದೇಶ ಪ್ರಯಾಣಕ್ಕೆ ಹೊಸ ನಿಯಮ. ಅದನ್ನು ಮರುದಿನ ಪ್ರಕಟಿಸಬೇಕಿತ್ತು, ಅದಕ್ಕೂ ಅರ್ಜಿ ಹಾಕಿ ವೀಸಾ ಪಡೆಯಬೇಕಿತ್ತು. ಅದರ ಚರ್ಚೆ ನಡೆದಾಗ ಅವರು ಇರಲಿಲ್ಲ. 'ಇದು ಯಾವಾಗಿನಿಂದ ಜಾರಿ?' ಅಂತ ಪತ್ರಕರ್ತರು ಕೇಳಿದರು. ಶಾಬೊವ್‌ಸ್ಕಿ ಕಾಗದ ತಿರುವಿಹಾಕಿ, 'ನನಗೆ ಗೊತ್ತಿರುವ ಮಟ್ಟಿಗೆ ಈಗಲೇ, ತಡವಿಲ್ಲದೆ' ಅಂದುಬಿಟ್ಟರು. ಟಿವಿಯಲ್ಲಿ ನೇರ ಪ್ರಸಾರ ನಡೆಯುತ್ತಿತ್ತು. ಜನ ಪೂರ್ವ, ಪಶ್ಚಿಮ ಬರ್ಲಿನ್ ನಡುವಿನ ಗೋಡೆಯತ್ತ ಹೊರಟರು. ಗೇಟಿನ ಕಾವಲುಗಾರರಿಗೆ ಯಾವ ಆದೇಶವೂ ಬಂದಿರಲಿಲ್ಲ. ರಾತ್ರಿ ಸುಮಾರು ಹನ್ನೊಂದೂವರೆಗೆ ಬೋರ್ನ್‌ಹೋಲ್ಮರ್ ರಸ್ತೆಯ ಗೇಟು ತೆರೆದುಕೊಂಡಿತು. ಆ ಚೀಟಿಯನ್ನು ಅವರು ಸರಿಯಾಗಿ ಓದಿಕೊಂಡಿದ್ದರೆ ಗೋಡೆ ಬಿದ್ದ ದಿನ ನವೆಂಬರ್ 10 ಅಂತ ಪುಸ್ತಕಗಳಲ್ಲಿ ಇರುತ್ತಿತ್ತೇನೋ.

ಒಗ್ಗೂಡಿದ ಜರ್ಮನಿಯ ರಾಷ್ಟ್ರೀಯ ದಿನಕ್ಕೆ ನವೆಂಬರ್ 9ಕ್ಕಿಂತ ಸಹಜ ತಾರೀಖು ಇರಲಿಲ್ಲ. ಆದರೆ 1938ರ ರಾತ್ರಿ ಕೂಡ ಅದೇ ತಾರೀಖಿನಲ್ಲಿ ಕೂತಿತ್ತು. ಅಕ್ಟೋಬರ್ 3, ಅಂದರೆ 1990ರಲ್ಲಿ ಕಾನೂನಿನ ಪ್ರಕಾರ ಒಂದಾದ ದಿನವೇ ರಜಾದಿನವಾಯಿತು. ತಾರೀಖನ್ನು ಆರಿಸುವ ಹಾಗೆ ಬೇಡ ಅಂತ ಬಿಡುವುದೂ ಉಂಟು.

ಕ್ಯಾಲೆಂಡರಿನ ಕಣ್ಕಟ್ಟು

ಶೇಕ್ಸ್‌ಪಿಯರ್ ಮತ್ತು ಸರ್ವಾಂಟಿಸ್ ಇಬ್ಬರೂ 1616ರ ಏಪ್ರಿಲ್ 23ರಂದು ತೀರಿಕೊಂಡರು ಅಂತ ಓದಿರುತ್ತೀರಿ. ಯುನೆಸ್ಕೊ ಏಪ್ರಿಲ್ 23ನ್ನು ಪುಸ್ತಕ ದಿನ ಮಾಡಿದ್ದರಲ್ಲಿ ಇವರಿಬ್ಬರ ಪಾಲೂ ಇದೆ. ಆದರೆ ಇಬ್ಬರ ಸಾವಿನ ನಡುವೆ ಹತ್ತು ದಿನಕ್ಕೂ ಹೆಚ್ಚು ಅಂತರವಿದೆ. ಸ್ಪೇನ್ ಹೊಸ ಕ್ಯಾಲೆಂಡರಿನಲ್ಲಿತ್ತು, ಇಂಗ್ಲೆಂಡ್ ಹಳೆಯದರಲ್ಲಿ. ಶೇಕ್ಸ್‌ಪಿಯರ್ ಸತ್ತ ಇಂಗ್ಲೆಂಡಿನ ಏಪ್ರಿಲ್ 23 ಸ್ಪೇನಿನಲ್ಲಿ ಮೇ 3. ಅದರ ಮೇಲೆ, ಸರ್ವಾಂಟಿಸ್ ಸತ್ತದ್ದು 22ರಂದು, ಮಣ್ಣಾದದ್ದು 23ರಂದು.

ಹಳೆಯದು ಜೂಲಿಯಸ್ ಸೀಸರ್ ಕ್ರಿ.ಪೂ. 45ರಲ್ಲಿ ಜಾರಿಗೆ ತಂದ ಕ್ಯಾಲೆಂಡರ್. ಅದರಲ್ಲಿ ನಾಲ್ಕು ವರ್ಷಕ್ಕೊಂದು ಅಧಿಕ ವರ್ಷ, ಅಂದರೆ ಸರಾಸರಿ ವರ್ಷಕ್ಕೆ 365 ದಿನ 6 ಗಂಟೆ. ಸೂರ್ಯನ ಲೆಕ್ಕದ ವರ್ಷ ಇದಕ್ಕಿಂತ ಸುಮಾರು 11 ನಿಮಿಷ ಕಡಿಮೆ. ಹನ್ನೊಂದು ನಿಮಿಷ ಏನು ಮಹಾ ಅನ್ನಬಹುದು. 128 ವರ್ಷಕ್ಕೆ ಅದು ಒಂದಿಡೀ ದಿನವಾಗುತ್ತದೆ. ಹದಿನಾರನೇ ಶತಮಾನದ ಹೊತ್ತಿಗೆ ಹಗಲು ರಾತ್ರಿ ಸಮವಾಗುವ ವಸಂತದ ದಿನ ಮಾರ್ಚ್ 21ರಿಂದ 11ಕ್ಕೆ ಜಾರಿತ್ತು. 1582ರಲ್ಲಿ ಪೋಪ್ 13ನೇ ಗ್ರೆಗೊರಿ ಹತ್ತು ದಿನ ಕಿತ್ತುಹಾಕಿದರು. ಅಕ್ಟೋಬರ್ 4ರ ಗುರುವಾರ ಮಲಗಿದವರು ಅಕ್ಟೋಬರ್ 15ರ ಶುಕ್ರವಾರ ಎದ್ದರು. ಸ್ಪೇನಿನ ಸಂತ ತೆರೇಸಾ ಆವಿಲಾ ಸತ್ತದ್ದು ಸರಿಯಾಗಿ ಅದೇ ರಾತ್ರಿ. ಅಕ್ಟೋಬರ್ 4ಕ್ಕೆ ಸತ್ತವರ ಸ್ಮರಣೆ 15ಕ್ಕೆ ನಡೆಯುತ್ತದೆ.

ಮುಂದೆ ಜಾರದಿರಲಿ ಅಂತ ಒಂದು ನಿಯಮವೂ ಬಂತು. 1700, 1800, 1900ರಂಥ ಶತಮಾನದ ವರ್ಷಗಳು 400ರಿಂದ ಭಾಗವಾದರೆ ಮಾತ್ರ ಅಧಿಕ ವರ್ಷ. ಇದರಿಂದ ಎರಡು ಕ್ಯಾಲೆಂಡರ್‌ಗಳ ಅಂತರ ಒಂದೇ ಕಡೆ ನಿಲ್ಲದೆ ಬೆಳೆಯುತ್ತಾ ಹೋಯಿತು. 1582ರಲ್ಲಿ 10 ದಿನ, ಹದಿನೆಂಟನೇ ಶತಮಾನದಲ್ಲಿ 11, ಹತ್ತೊಂಬತ್ತರಲ್ಲಿ 12, ಇಪ್ಪತ್ತರಲ್ಲಿ 13. ಪೋಪ್ ಮಾತು ಕೇಳಲು ಎಲ್ಲ ದೇಶಗಳೂ ತಯಾರಿರಲಿಲ್ಲ. ಇಂಗ್ಲೆಂಡ್ 170 ವರ್ಷ ಹಟ ಹಿಡಿದು 1752ರಲ್ಲಿ ಬದಲಾಯಿತು. ರಷ್ಯಾ 1918ರಲ್ಲಿ. ಅದಕ್ಕೇ ರಷ್ಯಾದ ಅಕ್ಟೋಬರ್ ಕ್ರಾಂತಿಯ ಹಬ್ಬ ನವೆಂಬರ್ 7ಕ್ಕೆ ನಡೆಯುತ್ತಿತ್ತು.

ಗೆಲಿಲಿಯೊ ಸತ್ತ ವರ್ಷವೇ ನ್ಯೂಟನ್ ಹುಟ್ಟಿದ ಎಂಬ ಮಾತೂ ಇದೇ ಗೊಂದಲದ ಕೂಸು. ಗೆಲಿಲಿಯೊ ಸತ್ತದ್ದು ಹೊಸ ಲೆಕ್ಕದಲ್ಲಿ 1642ರ ಜನವರಿ 8. ನ್ಯೂಟನ್ ಹುಟ್ಟಿದ್ದು ಹಳೆಯ ಲೆಕ್ಕದಲ್ಲಿ 1642ರ ಡಿಸೆಂಬರ್ 25, ಹೊಸದರಲ್ಲಿ 1643ರ ಜನವರಿ 4. ಇಬ್ಬರಿಗೂ ಒಂದೇ ಅಳತೆಗೋಲು ಹಿಡಿದರೆ ವರ್ಷ ಬೇರೆ ಬೇರೆ. ಜಾರ್ಜ್ ವಾಷಿಂಗ್ಟನ್ ಪಾಡು ಇನ್ನೂ ತಮಾಷೆ. ಹುಟ್ಟಿದಾಗ ದಾಖಲಾದದ್ದು 1731ರ ಫೆಬ್ರವರಿ 11, ಈಗ ನಾವು ಹೇಳುವುದು 1732ರ ಫೆಬ್ರವರಿ 22. ಹನ್ನೊಂದು ದಿನ ಸರಿ, ವರ್ಷ ಯಾಕೆ ಬದಲಾಯಿತು? ಆಗ ಇಂಗ್ಲೆಂಡಿನಲ್ಲಿ ಹೊಸ ವರ್ಷ ಶುರುವಾಗುತ್ತಿದ್ದದ್ದು ಮಾರ್ಚ್ 25ಕ್ಕೆ.

ಎಲ್ಲಕ್ಕಿಂತ ಹೆಣೆದುಕೊಂಡಿರುವುದು ಜೂನ್ 28. 1389ರಲ್ಲಿ ಕೊಸೊವೊದಲ್ಲಿ ಸರ್ಬಿಯನ್ನರಿಗೂ ಒಟೊಮನ್ ತುರ್ಕರಿಗೂ ಯುದ್ಧವಾಯಿತು. ಸರ್ಬಿಯನ್ನರ ನೆನಪಿನಲ್ಲಿ ಅದಕ್ಕಿಂತ ದೊಡ್ಡ ದಿನವಿಲ್ಲ. 1914ರ ಜೂನ್ 28ರಂದು, ಅದೇ ಹಬ್ಬದ ದಿನ, ಆಸ್ಟ್ರಿಯಾದ ಯುವರಾಜ ಫ್ರಾಂಝ್ ಫರ್ಡಿನಾಂಡ್ ಸರಾಯೆವೊಗೆ ಬಂದ. ಸರ್ಬ್ ರಾಷ್ಟ್ರೀಯವಾದಿಗಳಿಗೆ ಅದು ಗಾಯಕ್ಕೆ ಉಪ್ಪು. ಕೊಲೆಯಾಯಿತು, ಮಹಾಯುದ್ಧ ಶುರುವಾಯಿತು, 1919ರ ಜೂನ್ 28ಕ್ಕೆ ವರ್ಸೇ ಒಪ್ಪಂದಕ್ಕೆ ಸಹಿ ಬಿತ್ತು. ಆದರೆ ಕೊಸೊವೊ ಯುದ್ಧ ನಡೆದದ್ದು ಹಳೆಯ ಕ್ಯಾಲೆಂಡರಿನ ಜೂನ್ 15ಕ್ಕೆ. ಇಪ್ಪತ್ತನೇ ಶತಮಾನದ 13 ದಿನದ ಅಂತರ ಸೇರಿಸಿದಾಗ ಅದು ಜೂನ್ 28 ಆಗುತ್ತದೆ. 1389ರಲ್ಲಿ ಅಂತರ 8 ದಿನ ಮಾತ್ರ. ಸೂರ್ಯನನ್ನು ಕೇಳಿದರೆ ಯುದ್ಧ ನಡೆದದ್ದು ಜೂನ್ 23. ಹಾಗಂತ ಹಬ್ಬ ಸುಳ್ಳಲ್ಲ. 1914ರಲ್ಲಿ ಜನರ ತಲೆಯಲ್ಲಿದ್ದದ್ದು 28.

ಕ್ಯಾಲೆಂಡರ್ ಸರಿಯಿದ್ದರೂ ಗಡಿಯಾರ ತಂಟೆ ಮಾಡುತ್ತದೆ. ಪರ್ಲ್ ಹಾರ್ಬರ್ ಮೇಲೆ ಜಪಾನ್ ದಾಳಿ 1941ರ ಡಿಸೆಂಬರ್ 7, ಮಲಯದ ಕೋಟ ಬಾರು ಮೇಲೆ ಡಿಸೆಂಬರ್ 8. ಯಾವುದು ಮೊದಲು? ಎಂಟನೇ ತಾರೀಖಿನದು, ಸುಮಾರು ಒಂದು ಗಂಟೆ ಮುಂಚೆ. ನಡುವೆ ದಿನಾಂಕ ರೇಖೆ ಇದೆ. ಜರ್ಮನಿಯ ಶರಣಾಗತಿ ಜಾರಿಗೆ ಬಂದದ್ದು 1945ರ ಮೇ 8ರ ರಾತ್ರಿ 11.01ಕ್ಕೆ. ಮಾಸ್ಕೊದಲ್ಲಿ ಆಗಲೇ ಮಧ್ಯರಾತ್ರಿ ದಾಟಿತ್ತು. ಅದಕ್ಕೇ ಪಶ್ಚಿಮ ಯುರೋಪಿನಲ್ಲಿ ವಿಜಯ ದಿನ ಮೇ 8, ರಷ್ಯಾದಲ್ಲಿ 9. ಮನುಷ್ಯ ಚಂದ್ರನ ಮೇಲೆ ಕಾಲಿಟ್ಟದ್ದು ಅಮೆರಿಕದಲ್ಲಿ ಜುಲೈ 20, ಭಾರತದಲ್ಲಿ 21ರ ಬೆಳಿಗ್ಗೆ.

ಅಷ್ಟಕ್ಕೂ ಒಂದು ಘಟನೆಯ ತಾರೀಖು ಅಂದರೆ ಯಾವ ಕ್ಷಣದ್ದು? ಶುರುವಿನ ಜುಲೈ 4ನ್ನೇ ತೆಗೆದುಕೊಳ್ಳಿ. ಸ್ವತಂತ್ರರಾಗಬೇಕು ಅಂತ ಮತ ಹಾಕಿದ್ದು 1776ರ ಜುಲೈ 2ರಂದು. ಮುಂದಿನ ತಲೆಮಾರುಗಳು ಜುಲೈ 2ನ್ನು ದೊಡ್ಡ ಹಬ್ಬ ಮಾಡುತ್ತವೆ ಅಂತ ಆಡಮ್ಸ್ ಮರುದಿನವೇ ಹೆಂಡತಿಗೆ ಕಾಗದ ಬರೆದರು. 4ರಂದು ಆದದ್ದು ಘೋಷಣೆಯ ಪಠ್ಯದ ಅಂಗೀಕಾರ. ಬಹುಪಾಲು ಸಹಿಗಳು ಬಿದ್ದದ್ದು ಆಗಸ್ಟ್ 2ಕ್ಕೆ. ಅಚ್ಚಾದ ಕಾಗದದ ಮೇಲೆ 4 ಅಂತ ಇತ್ತು, ಅದೇ ನಿಂತಿತು. ಆಡಮ್ಸ್ ಲೆಕ್ಕವೇ ಗೆದ್ದಿದ್ದರೆ ಅವರ ಸಾವು ಹಬ್ಬದ ಎರಡು ದಿನದ ನಂತರದ ಒಂದು ಸಾಧಾರಣ ಸಾವು.

ಒಂದು ದಿನಕ್ಕೆ ಹೆಸರು ಬಂದರೆ ಅದು ಸುತ್ತಲಿನ ಘಟನೆಗಳನ್ನು ಎಳೆದುಕೊಳ್ಳುತ್ತದೆ ಕೂಡ. ಜೆರುಸಲೇಮಿನ ಎರಡೂ ದೇವಾಲಯಗಳು ನಾಶವಾದದ್ದು ಆವ್ ತಿಂಗಳ 9ಕ್ಕೆ ಎಂದು ಯಹೂದಿಗಳು ಅಂದು ಉಪವಾಸ ಮಾಡುತ್ತಾರೆ. ಮೊದಲನೆಯ ನಾಶದ ಬಗ್ಗೆ ಬೈಬಲಿನ ಒಂದು ಪುಸ್ತಕ ಆವ್ 7 ಅನ್ನುತ್ತದೆ, ಇನ್ನೊಂದು 10. ಎರಡನೆಯದನ್ನು ಕಂಡ ಇತಿಹಾಸಕಾರ ಜೊಸೀಫಸ್ 10 ಅಂತ ಬರೆದ. ಎರಡು ದುಃಖಕ್ಕೆ ಒಂದೇ ದಿನ ಸಾಕು ಅಂತ ಸಂಪ್ರದಾಯ 9ರಲ್ಲಿ ನೆಲೆಯೂರಿತು. ಇನ್ನು ಕೆಲವು ದಿನಗಳು ಒಂದೇ ಘಟನೆಗೆ ಪೂರ್ತಿ ಒಪ್ಪಿಸಿಕೊಂಡುಬಿಡುತ್ತವೆ. ಸೆಪ್ಟೆಂಬರ್ 11 ಎಂದರೆ ಈಗ 2001. ವಿವೇಕಾನಂದರ ಷಿಕಾಗೊ ಭಾಷಣ (1893), ಜೊಹಾನ್ಸ್‌ಬರ್ಗ್‌ನಲ್ಲಿ ಗಾಂಧೀಜಿಯ ಸತ್ಯಾಗ್ರಹ ಹುಟ್ಟಿದ ಸಭೆ (1906), ಎರಡೂ ಅದೇ ತಾರೀಖು. ಚಿಲಿಯವರನ್ನು ಕೇಳಿದರೆ ಮೊದಲು ಬಾಯಿಗೆ ಬರುವುದು 1973, ಸೇನೆ ಅಧ್ಯಕ್ಷ ಅಯೆಂದೆ ಸರ್ಕಾರವನ್ನು ಉರುಳಿಸಿದ ದಿನ.

ಯಾರ ಜೊತೆಯೂ ಹಂಚಿಕೊಳ್ಳದ ತಾರೀಖು ಒಂದಾದರೂ ಇದೆಯಾ ಅಂತ ಕೇಳಿದರೆ, ಇದೆ. ಸ್ವೀಡನ್ 1700ರಲ್ಲಿ ಹೊಸ ಕ್ಯಾಲೆಂಡರಿಗೆ ಮೆಲ್ಲಗೆ ಹೋಗೋಣ ಅಂದುಕೊಂಡಿತು. 40 ವರ್ಷದ ಅಧಿಕ ದಿನಗಳನ್ನೆಲ್ಲ ಒಂದೊಂದಾಗಿ ಬಿಡುವ ಯೋಜನೆ. 1700ರಲ್ಲಿ ಬಿಟ್ಟರು. 1704, 1708ರಲ್ಲಿ ಯುದ್ಧದ ಗಲಾಟೆಯಲ್ಲಿ ಬಿಡಲಿಲ್ಲ. ದೇಶ ಹಳೆಯ ಕ್ಯಾಲೆಂಡರಿಗೂ ಸೇರದೆ ಹೊಸದಕ್ಕೂ ಸೇರದೆ ಒಂಟಿಯಾಗಿ ನಿಂತಿತು. ಸಾಕಾಗಿ ರಾಜ ಹಿಂದಕ್ಕೇ ಹೋಗೋಣ ಅಂದ. ಕಳೆದುಹೋದ ಒಂದು ದಿನವನ್ನು ಮತ್ತೆ ಸೇರಿಸಬೇಕಲ್ಲ? 1712ರಲ್ಲಿ ಫೆಬ್ರವರಿ 29ರ ಮರುದಿನ ಫೆಬ್ರವರಿ 30 ಬಂತು. ಅಂದು ಸ್ವೀಡನ್‌ನಲ್ಲಿ ಹುಟ್ಟಿದ ಮಕ್ಕಳ ಹುಟ್ಟುಹಬ್ಬ ಇನ್ನೊಮ್ಮೆ ಬರಲೇ ಇಲ್ಲ.